ಮೂರನೆಯ ಅಕ್ಷರ

ಚಾಮರಾಜಪೇಟೆಯ ಸಂದಿಯೊಂದರಲ್ಲಿ ಡಿಟಿಪಿ ಅಂಗಡಿ ಇಟ್ಟಿರುವ ಜ್ಯೋತಿಲಕ್ಷ್ಮಿಗೆ ಕಣ್ಣು ಉರಿಯದ ಸಂಜೆಯೇ ಇಲ್ಲ. ಮದುವೆ, ನಾಮಕರಣ, ಪುಣ್ಯತಿಥಿ. ಮಂದಿ ಹುಟ್ಟಿದರೂ ಸತ್ತರೂ ಅವಳ ಬೆನ್ನೇ ನೋಯಬೇಕು. ಇಲ್ಲಿನವರಿಗೆ ಕಾರ್ಡಿನಲ್ಲಿ ಹೆಸರು ಸಾದಾ ಇದ್ದರೆ ಸಾಲದು, ಬಾಲ ಬಳುಕಬೇಕು, ಬಳ್ಳಿ ಸುತ್ತಬೇಕು. ಯಾವ ಹೆಸರು ಕಂಡರೂ ಫಾಂಟು ಬದಲಿಸುವುದು ಅವಳ ಕೈಗೆ ಅಂಟಿದ ಚಾಳಿ.

ಆ ಸಂಜೆ ಬಂದವಳು ಶೇಷಾದ್ರಿಪುರಂನಲ್ಲಿ ಬ್ಯೂಟಿ ಪಾರ್ಲರ್ ನಡೆಸುವ ಮೀನಾ. ಅಜ್ಜನ ಕಾಲದಲ್ಲೇ ಚೀನಾದಿಂದ ಬಂದ ಕುಟುಂಬ. ಅವಳು ಹುಟ್ಟಿ ಬೆಳೆದದ್ದೆಲ್ಲ ಇಲ್ಲೇ. ತಂದೆ ತೀರಿಕೊಂಡಿದ್ದರು. ಸ್ಮರಣೆಯ ಕಾರ್ಡಿನಲ್ಲಿ ತಮ್ಮ ಹೆಸರು ಚೀನೀ ಅಕ್ಷರದಲ್ಲಿರಲಿ ಎಂಬುದೊಂದೇ ಅವರ ಕೊನೆಯ ಆಸೆ. ಕೋಲ್ಕತ್ತಾದಲ್ಲಿರುವ ಸೋದರತ್ತೆ ಆ ಮೂರು ಅಕ್ಷರಗಳನ್ನು ವಾಟ್ಸಾಪಿನಲ್ಲಿ ಕಳಿಸಿದ್ದರು. ಮೀನಾಗೆ ಅವನ್ನು ಓದಲು ಬರುವುದಿಲ್ಲ.

ಸಾದಾ ಫಾಂಟಿನಲ್ಲಿ ಮೂರೂ ಅಕ್ಷರ ಸರಿಯಾಗಿಯೇ ಬಂದವು. ಅಲ್ಲಿಗೆ ಬಿಡಬಹುದಿತ್ತು. ಜ್ಯೋತಿಲಕ್ಷ್ಮಿಯ ಕೈ ಕೇಳಬೇಕಲ್ಲ! ಕುಂಚದಲ್ಲಿ ಬರೆದಂಥ ಚೀನೀ ಫಾಂಟೊಂದನ್ನು ನೆಟ್ಟಿನಿಂದ ಇಳಿಸಿ ಹಾಕಿದಳು. ಚೆಂದ ಕಂಡಿತು. ಪ್ರಿಂಟು ತೆಗೆದು ಕೊಟ್ಟಳು.

ಮೀನಾ ಬಹಳ ಹೊತ್ತು ನೋಡಿ, ಹಾಳೆಯನ್ನು ಕಣ್ಣಿಗೊತ್ತಿಕೊಂಡಳು. "ಎಷ್ಟ್ ಚೆನ್ನಾಗಿ ಬಂದಿದೆ ಅಕ್ಕಾ. ಕಾರ್ಡು ಇದೇ ಥರ ಹೊಡೆದ್ಬಿಡಿ."

ಆಗಲೇ ಜ್ಯೋತಿಲಕ್ಷ್ಮಿಯ ಕಣ್ಣು ಮೇಜಿನಲ್ಲಿದ್ದ ಮೀನಾಳ ಫೋನಿನ ಮೇಲೆ ಬಿತ್ತು. ಅದರಲ್ಲಿ ಮೂರನೆಯ ಅಕ್ಷರಕ್ಕೆ ಮೈತುಂಬ ಗೆರೆ. ಹಾಳೆಯಲ್ಲಿ ಅದರ ಜಾಗದಲ್ಲಿ ಬರೀ ಚೌಕ. ಫಾಂಟಿನಲ್ಲಿ ಇಲ್ಲದ ಅಕ್ಷರಕ್ಕೆ ಇಂಥ ಚೌಕ ಬೀಳುತ್ತದೆಂದು ಅವಳಿಗೆ ಗೊತ್ತಿತ್ತು. ಆದರೆ ಪ್ರಿಂಟು ತೆಗೆಯುವಾಗ, ಚೀನೀಯಲ್ಲಿ ಇದೂ ಒಂದಕ್ಷರ ಇರಬೇಕು ಎಂದುಕೊಂಡಿದ್ದಳು. ಸುಮ್ಮನಿದ್ದರೆ ಯಾರೂ ಕೇಳುವವರಿಲ್ಲ. ಮತ್ತೆ ಮೊದಲಿಂದ ಕೂರುವ ತ್ರಾಣ ಅವಳಲ್ಲಿರಲಿಲ್ಲ. ಆದರೂ ಬಾಯಿ ಸುಮ್ಮನಿರಲಿಲ್ಲ.

"ಮೀನಾ, ಕೊನೇದು ಅಕ್ಷರ ಅಲ್ಲಮ್ಮ. ಈ ಫಾಂಟಲ್ಲಿ ಅದಿಲ್ಲ, ಅದಕ್ಕೆ ಖಾಲಿ ಡಬ್ಬ ಬಂದಿದೆ. ತಪ್ಪು ನಂದೇ."

ಮೀನಾ ಬೈಯಲಿಲ್ಲ. ಸ್ಟೂಲಿನ ಮೇಲೆ ಕುಸಿದು ಕೂತಳು. "ಅದನ್ನೇ ಕಣ್ಣಿಗೊತ್ಕೊಂಡ್ನಲ್ಲ ಅಕ್ಕಾ. ಬಾ, ಕಲಿಸ್ತೀನಿ ಅಂತ ಅಪ್ಪ ಎಷ್ಟ್ ಸಲ ಕರೆದ್ರು. ಪಾರ್ಲರ್ ಬಿಟ್ಟು ಬರೋಕಾಗಲ್ಲ ಅಂತಿದ್ದೆ."

ಜ್ಯೋತಿಲಕ್ಷ್ಮಿ ಸಾದಾ ಫಾಂಟಿಗೆ ಮರಳಿಸಿ, ಹೆಸರನ್ನು ಪರದೆಯ ತುಂಬ ದೊಡ್ಡದು ಮಾಡಿದಳು. ಮೀನಾ ಎದ್ದು ಬಂದು ಫೋನನ್ನು ಪಕ್ಕಕ್ಕೆ ಹಿಡಿದಳು. ಒಂದೊಂದೇ ಗೆರೆಯ ಮೇಲೆ ಬೆರಳಾಡಿಸಿ ಹೋಲಿಸಿದಳು. ಮೂರನೆಯದರ ಮೇಲೆ ಬೆರಳು ನಿಂತಿತು.

"ಈಗ ಇದು ನಮ್ಮಪ್ಪನೇ ತಾನೇ ಅಕ್ಕಾ?" ಎಂದು ಚೀನೀ ಒಂದಕ್ಷರವೂ ಬಾರದ ಜ್ಯೋತಿಲಕ್ಷ್ಮಿಯನ್ನು ಕೇಳಿದಳು.