ನಾತ್ಸುಮಿಯ ನಡುಮೈದಾನ

ನಾತ್ಸುಮಿ ಕುರಾಮೊಚಿ ಅಮೆರಿಕದ ನ್ಯೂಜೆರ್ಸಿಯ ಮೆಟುಚೆನ್‌ಗೆ ಬಂದದ್ದು ಆಡಲು ಅಲ್ಲ, ಪುಟ್ಟ ಹುಡುಗಿಯರಿಗೆ ಆಟ ಕಲಿಸಲು. ೧೯೯೯ರ ಫಾಲ್, ಎಲೆ ಉದುರುವ ಕಾಲ ಅದು. ವಾರಕ್ಕೊಂದು ಸಂಜೆ ಊರಿನ ಪಾರ್ಕಿನಲ್ಲಿ ಅವಳ ಸಾಕರ್, ಅಂದರೆ ನಮ್ಮ ಫುಟ್‌ಬಾಲ್, ತರಬೇತಿ. ಇಪ್ಪತ್ತೈದರ ಜಪಾನಿ ಹುಡುಗಿ, ಎಡ ಮೊಣಕಾಲಿನ ಮೇಲೆ ಉದ್ದನೆಯ ಹೊಲಿಗೆಯ ಗುರುತು, ಹೆಗಲ ಮೇಲೆ ಚೆಂಡು ತುಂಬಿದ ಬಲೆಚೀಲ. ಇಂಗ್ಲಿಷ್ ಅಷ್ಟಕ್ಕಷ್ಟೇ. ಹೇಳಲು ಬಾರದ್ದನ್ನು ಮಾಡಿ ತೋರಿಸುತ್ತಿದ್ದಳು. ಮಕ್ಕಳಿಗೆ ತಿಳಿಯದಿದ್ದರೆ ಬೇಸರಿಸದೆ ಮತ್ತೆ ತೋರಿಸುತ್ತಿದ್ದಳು.

ನಂದಾಳ ಮಗಳು ಅನುಶ್ರೀ ಆ ಗುಂಪಿನಲ್ಲಿದ್ದಳು. ನಂದಾ ಧಾರವಾಡದವಳು. ಪ್ರಿನ್ಸ್‌ಟನ್ ಹತ್ತಿರದ ಔಷಧಿ ಕಂಪನಿಯೊಂದರ ಲ್ಯಾಬಿನಲ್ಲಿ ಕೆಲಸ. ತರಬೇತಿಯ ಸಂಜೆ ಹೆದ್ದಾರಿ ರೂಟ್ ಒನ್‌ನ ಟ್ರಾಫಿಕ್ಕಿನಲ್ಲಿ ಅರ್ಧ ಜೀವವಾಗಿ, ಆಫೀಸಿನ ಬಟ್ಟೆಯಲ್ಲೇ ಪಾರ್ಕಿಗೆ ಬಂದು ಮಗಳನ್ನು ಕರೆದೊಯ್ಯುವಳು. ಒಂದು ಸಂಜೆ ಮಳೆ ಹಿಡಿಯಿತು. ಮಕ್ಕಳೆಲ್ಲ ಕಾರು ಹತ್ತಿ ಹೋದ ಮೇಲೂ ಕೋಚ್ ಒಬ್ಬಳೇ ಶೆಡ್ಡಿನ ಕೆಳಗೆ ನಿಂತಿದ್ದಳು. ಪಕ್ಕದಲ್ಲಿ ಚೆಂಡಿನ ಚೀಲದ ಜೊತೆಗೆ ಒಂದು ಸೂಟ್‌ಕೇಸೂ ಇತ್ತು.

"ರೈಡ್ ಬೇಕಾ? ಎಲ್ಲಿಗೆ ಹೋಗ್ಬೇಕು?" ನಂದಾ ಇಂಗ್ಲಿಷಿನಲ್ಲಿ ಕೇಳಿದಳು.

ನಾತ್ಸುಮಿ ಸೂಟ್‌ಕೇಸಿನ ಕಡೆ ಕೈ ತೋರಿಸಿದಳು. "ಹೌಸ್ ಫಿನಿಷ್" ಎಂದಳು.

ಕಾರಿನಲ್ಲಿ ವಿಷಯ ತಿಳಿಯಿತು. ಅವಳನ್ನು ಕರೆಸಿಕೊಂಡಿದ್ದ ಕೋಚಿಂಗ್ ಕಂಪನಿ ನ್ಯೂ ಬ್ರನ್ಸ್‌ವಿಕ್‌ನಲ್ಲಿ ಬಾಡಿಗೆಗೆ ಹಿಡಿದಿದ್ದ ಮನೆಯನ್ನು ಖಾಲಿ ಮಾಡಿಸಿತ್ತು. ಬೇರೆ ಮನೆ ಆಗುವವರೆಗೆ ಎಲ್ಲಾದರೂ ಇರಿ ಎಂದಿತ್ತು. ನಂದಾಳ ಮನೆಯ ಮಹಡಿಯ ಮೇಲೆ ಅತ್ತೆ ಬಂದರೆ ಇರಲೆಂದು ಇಟ್ಟ ಕೋಣೆ ಖಾಲಿಯಿತ್ತು. ಎರಡು ದಿನಕ್ಕೆಂದು ಬಂದವಳು ಅಲ್ಲೇ ಉಳಿದುಬಿಟ್ಟಳು.

ಅವಳ ಹಿಂದಿನ ಕಥೆ ಒಂದೇ ಸಲಕ್ಕೆ ಹೊರಬರಲಿಲ್ಲ. ಪಾತ್ರೆ ತೊಳೆಯುವಾಗ ಒಂದಿಷ್ಟು, ಬಟ್ಟೆ ಮಡಚುವಾಗ ಒಂದಿಷ್ಟು. ಊರು ಶಿಜುಓಕಾ ಕಡೆಯ ಒಂದು ಬಂದರು. ಅಪ್ಪ ಮೀನು ಡಬ್ಬಿಗೆ ತುಂಬುವ ಕಾರ್ಖಾನೆಯ ಕೆಲಸಗಾರ. ಅಲ್ಲಿ ಗಂಡುಹುಡುಗರೆಲ್ಲ ಫುಟ್‌ಬಾಲ್ ಆಡುವವರೇ. ಇವಳೂ ಅವರ ನಡುವೆ ನುಗ್ಗಿ ಆಡಿದಳು. ದೊಡ್ಡವಳಾದ ಮೇಲೆ ಒಂದು ಕಂಪನಿ ತನ್ನ ಮಹಿಳಾ ತಂಡಕ್ಕೆ ಸೇರಿಸಿಕೊಂಡಿತು. ಬೆಳಿಗ್ಗೆ ಆಫೀಸಿನಲ್ಲಿ ಫೈಲು, ಮಧ್ಯಾಹ್ನದ ಮೇಲೆ ಮೈದಾನ. ರಾಷ್ಟ್ರೀಯ ತಂಡದ ಶಿಬಿರಕ್ಕೆ ಕರೆ ಬಂದ ವರ್ಷವೇ ಮೊಣಕಾಲು ತಿರುಚಿ ಒಳಗಿನ ಲಿಗಮೆಂಟ್ ಹರಿಯಿತು. ಆಪರೇಷನ್ ಆಗಿ, ನಡೆಯಲು ಕಲಿತು, ಓಡಲು ಕಲಿತು, ಮರಳಿ ತಂಡಕ್ಕೆ ಬರುವಷ್ಟರಲ್ಲಿ ಜಪಾನಿನ ವ್ಯವಹಾರ ಕುಸಿದಿತ್ತು. ಕಂಪನಿಯವರು ಒಂದು ದಿನ ಎಲ್ಲರನ್ನೂ ಮೀಟಿಂಗ್ ಕೋಣೆಗೆ ಕರೆದು, ತಲೆಬಾಗಿ ಕ್ಷಮೆ ಕೇಳಿ, ತಂಡ ಮುಚ್ಚಿದರು.

"ಅಪ್ಪ ಏನಂದ್ರು?" ನಂದಾ ಕೇಳಿದ್ದಳು.

"ಅಪ್ಪ ಹೇಳಿದರು, ಇನ್ನು ಸಾಕು. ಮದುವೆ ಮಾಡ್ಕೊ." ನಾತ್ಸುಮಿ ತಟ್ಟೆ ಒರೆಸುತ್ತ ಹೇಳಿದಳು. "ನನಗೂ ಸಾಕಾಗಿತ್ತು, ನಂದಾ-ಸಾನ್. ಆದರೆ ಬೇರೆ ಏನೂ ಬರಲ್ಲ." ಅವಳ ಭಾಷೆಯಲ್ಲಿ 'ಸಾನ್' ಎಂದರೆ 'ಅವರೇ' ಎಂಬ ಗೌರವದ ಮಾತು.

ಅಮೆರಿಕದ ವೀಸಾ ಆಟಗಾರ್ತಿಗೆ ಸಿಕ್ಕದ್ದಲ್ಲ, ಕೋಚ್‌ಗೆ ಸಿಕ್ಕದ್ದು. ಕಂಪನಿ ಅವಳನ್ನು ಸೋಮವಾರ ಮೆಟುಚೆನ್‌ಗೆ, ಮಂಗಳವಾರ ವೆಸ್ಟ್ ವಿಂಡ್ಸರ್‌ಗೆ, ಬುಧವಾರ ಪ್ರಿನ್ಸ್‌ಟನ್ನಿಗೆ ಹೀಗೆ ಊರೂರಿಗೆ ಅಟ್ಟುತ್ತಿತ್ತು. ಅದೆಲ್ಲ ಮುಗಿದ ಮೇಲೆ ವಾರದಲ್ಲಿ ಮೂರು ಸಂಜೆ ಟ್ರೇನ್ ಹಿಡಿದು, ಉತ್ತರ ಜೆರ್ಸಿಯ ಒಂದು ಮಹಿಳಾ ಕ್ಲಬ್ಬಿಗೆ ಆಡಲು ಹೋಗುತ್ತಿದ್ದಳು. ಅಲ್ಲಿ ಸಂಬಳವಿಲ್ಲ. ಶೂ ಮಾತ್ರ ಕೊಡುತ್ತಿದ್ದರು.

ನಂದಾಳ ಗಂಡ ಮೃತ್ಯುಂಜಯನಿಗೆ ಇದನ್ನು ಕೇಳಿ ನಗು ತಡೆಯಲಾಗಲಿಲ್ಲ. ಅವನೂ ಹಾಗೆಯೇ ಬಂದವನು. ಕನ್ಸಲ್ಟಿಂಗ್ ಕಂಪನಿಯೊಂದು ಹುಬ್ಬಳ್ಳಿಯಿಂದ ಕರೆತಂದು, ಇಂದು ಈ ಬ್ಯಾಂಕು ನಾಳೆ ಆ ಇನ್ಶೂರೆನ್ಸ್ ಕಂಪನಿ ಎಂದು ಅವನನ್ನು ಬಾಡಿಗೆಗೆ ಬಿಟ್ಟಿತ್ತು. ಆಗ ಇಸವಿ ಎರಡು ಸಾವಿರಕ್ಕೆ ಕಂಪ್ಯೂಟರುಗಳು ಕೆಡುತ್ತವೆಂಬ ವೈಟುಕೆ ಗದ್ದಲ; ಮ್ಯಾನ್‌ಹಟನ್ನಿನಿಂದ ಅವನು ಮನೆಗೆ ಬರುವಾಗ ಮಗಳು ಮಲಗಿರುತ್ತಿದ್ದಳು.

"ನಂದಾ, ಆಕಿಗೆ ಹೇಳು. ನಾವಿಬ್ರೂ ಒಂದ ಜಾತಿ. ಮಂದಿನ ಬಾಡಿಗಿಗೆ ಬಿಡೋ ಬಾಡಿ ಶಾಪರ್ ಕೈಯಾಗ ಸಿಕ್ಕ ಎತ್ತು."

ನಂದಾ ಅದನ್ನು ಹೇಗೋ ಇಂಗ್ಲಿಷಿಗೆ ತಂದಳು. ನಾತ್ಸುಮಿ ಗಂಭೀರವಾಗಿ ಕೇಳಿ, "ಎತ್ತಿಗೆ ಭಾನುವಾರ ರಜೆ ಇದೆಯಾ?" ಎಂದಳು. ಆ ಮನೆಯಲ್ಲಿ ಬಹಳ ದಿನಗಳ ಮೇಲೆ ಎಲ್ಲರೂ ಕೂಡಿ ನಕ್ಕದ್ದು ಅವತ್ತೇ.

ಮುಂದಿನ ಸ್ಪ್ರಿಂಗ್‌ನಲ್ಲಿ, ಚಳಿ ಇಳಿದ ಮೇಲೆ, ಮೃತ್ಯುಂಜಯನ ತಾಯಿ ಕಮಲವ್ವ ಆರು ತಿಂಗಳಿಗೆಂದು ಗದಗಿನಿಂದ ಬಂದರು. ಕೋಣೆ ಬಿಡಲು ನಾತ್ಸುಮಿ ಆಗಲೇ ಸೂಟ್‌ಕೇಸ್ ತುಂಬಿದ್ದಳು. ಕಮಲವ್ವ ಬಾಗಿಲಲ್ಲಿ ನಿಂತು ನೋಡಿದರು.

"ಎಲ್ಲಿಗ್ ಹೊಂಟಾಳ ಈ ಕೂಸು? ಇನ್ನೊಂದು ಹಾಸಿಗಿ ಹಾಕಿದ್ರ ಆತು. ಒಬ್ಬಾಕಿನ ಮಲಗಾಕ ನನಗೂ ಬ್ಯಾಸರ."

ನಾತ್ಸುಮಿ ಎಂಬ ಹೆಸರು ಅವರ ನಾಲಿಗೆಗೆ ಒಗ್ಗಲಿಲ್ಲ. ಮೊದಲು ನತ್ಸು ಆಯಿತು, ವಾರದೊಳಗೆ ನತ್ತು ಆಯಿತು. ಮೂಗಿಗೆ ಇಡುವ ನತ್ತು ಎಂದರೆ ಏನೆಂದು ಕಮಲವ್ವ ತಮ್ಮ ಮೂಗು ಮುಟ್ಟಿ ತೋರಿಸಿದಾಗ, ನಾತ್ಸುಮಿ ತನ್ನನ್ನು ಮೂಗು ಎಂದು ಕರೆಯುತ್ತಿದ್ದಾರೆಂದೇ ತಿಳಿದುಕೊಂಡಳು. ಆದರೂ ಕರೆದರೆ ಓಗೊಟ್ಟಳು. ಇಬ್ಬರಿಗೂ ಪರಸ್ಪರರ ಭಾಷೆಯ ಒಂದಕ್ಷರ ಬಾರದು. ಆದರೂ ಮಧ್ಯಾಹ್ನ ಅಡುಗೆಮನೆಯಲ್ಲಿ ಒಬ್ಬರು ರೊಟ್ಟಿ ಬಡಿಯುತ್ತ, ಇನ್ನೊಬ್ಬಳು ಮೊಣಕಾಲ ಮೇಲೆ ಐಸ್ ಚೀಲ ಇಟ್ಟುಕೊಂಡು ಮಾತಿಲ್ಲದೆ ಕೂತಿರುತ್ತಿದ್ದರು. ದಣಿದವರ ಜೊತೆ ಹೇಗೆ ಕೂರಬೇಕು ಎಂಬುದು ಕಮಲವ್ವನಿಗೆ ಗೊತ್ತಿತ್ತು.

ಆ ಬೇಸಿಗೆಯ ಒಂದು ಶನಿವಾರ ಎಲ್ಲರೂ ಅವಳ ಮ್ಯಾಚ್ ನೋಡಲು ಹೋದರು. ಮರದ ಮೆಟ್ಟಿಲುಗಳ ಮೇಲೆ ಜನ ಬೆರಳೆಣಿಕೆಯಷ್ಟು. ನಾತ್ಸುಮಿ ಆಡುವುದು ನಡುಮೈದಾನದಲ್ಲಿ, ರಕ್ಷಣೆಯ ಸಾಲಿಗೆ ಸ್ವಲ್ಪ ಮುಂದೆ. ಅವಳು ಗೋಲು ಹೊಡೆಯಲಿಲ್ಲ, ಗೋಲಿನ ಹತ್ತಿರವೂ ಹೋಗಲಿಲ್ಲ. ಎದುರಾಳಿ ಎಲ್ಲಿ ಚೆಂಡು ಕಳಿಸಬಹುದೋ ಅಲ್ಲಿಗೆ ಮೊದಲೇ ಹೋಗಿ ನಿಲ್ಲುವಳು, ಕಸಿಯುವಳು, ಹತ್ತಿರ ಇದ್ದವಳಿಗೆ ಕೊಟ್ಟು ಮತ್ತೆ ಓಡುವಳು.

ಕಮಲವ್ವ ಸೆರಗು ತಲೆಯ ಮೇಲೆ ಎಳೆದುಕೊಂಡು ಬಿಸಿಲಲ್ಲಿ ಕೊನೆಯತನಕ ನೋಡಿದರು.

"ಯಾರರೆ ತಪ್ಪಿದ್ರ ನತ್ತು ಓಡ್ತಾಳ. ಚೆಂಡು ಸಿಕ್ಕರ ಮತ್ತೊಬ್ಬರ ಕೈಗಿ ಕೊಡ್ತಾಳ. ಚಪ್ಪಾಳಿ ಅವ್ರಿಗೆ." ಅವರು ಸೊಸೆಯ ಕಡೆ ತಿರುಗಲಿಲ್ಲ. "ಮನಿ ನಡಸೋರ ಹಣೇಬಾರ ನೋಡು ಇದು."

ಮದುವೆಯಾಗಿ ಹನ್ನೊಂದು ವರ್ಷದಲ್ಲಿ ಅತ್ತೆ ತನ್ನ ಬಗ್ಗೆ ಆಡಿದ ಅತಿ ದೊಡ್ಡ ಮಾತು ಅದೇ ಇರಬೇಕು ಎಂದು ಆಮೇಲೆ ನಂದಾಳಿಗನ್ನಿಸಿತು.

ಅದೇ ಮ್ಯಾಚ್ ನೋಡಲು ಇನ್ನೊಬ್ಬಳು ಬಂದಿದ್ದಳು. ಮುಂದಿನ ವರ್ಷ ಹೆಂಗಸರಿಗೆ ಸಂಬಳ ಕೊಟ್ಟು ಆಡಿಸುವ ಲೀಗ್ ಶುರುವಾಗಲಿತ್ತು. ಅದರ ಒಂದು ತಂಡದ ಅಸಿಸ್ಟೆಂಟ್ ಕೋಚ್ ಅವಳು. ಎದುರಾಳಿ ತಂಡದಲ್ಲಿ ಗೋಲು ಹೊಡೆಯುವ ಫಾರ್ವರ್ಡ್ ಒಬ್ಬಳನ್ನು ಪರೀಕ್ಷಿಸಲು ಬಂದಿದ್ದಳು. ಆ ಫಾರ್ವರ್ಡ್‌ಗೆ ಅವತ್ತು ಚೆಂಡೇ ಸಿಗಲಿಲ್ಲ. ಯಾಕೆ ಸಿಗಲಿಲ್ಲ ಎಂದು ನೋಡುತ್ತ ಹೋದಾಗ ಅವಳ ಕಣ್ಣಿಗೆ ನಾತ್ಸುಮಿ ಬಿದ್ದಳು. ಅಕ್ಟೋಬರ್‌ನ ಟ್ರೈಔಟ್‌ಗೆ, ಆಟಗಾರ್ತಿಯರ ಆಯ್ಕೆ ಪರೀಕ್ಷೆಗೆ, ಬಾ ಎಂದು ಕರೆದಳು.

ಅಕ್ಟೋಬರ್ ಬಂತು, ಕಮಲವ್ವ ಊರಿಗೆ ಮರಳಿದ್ದರು. ಟ್ರೈಔಟ್ ಇದ್ದ ದಿನವೇ ವೆಸ್ಟ್ ವಿಂಡ್ಸರ್‌ನಲ್ಲಿ ಮಕ್ಕಳ ಟೂರ್ನಮೆಂಟ್. ರಜೆ ಕೇಳಿದರೆ ಕೋಚಿಂಗ್ ಕಂಪನಿಯ ಮ್ಯಾನೇಜರ್, "ನಿನ್ನ ವೀಸಾ ಯಾರ ಹೆಸರಲ್ಲಿದೆ ಗೊತ್ತಲ್ಲ?" ಎಂದಷ್ಟೇ ಹೇಳಿದ. ಕಂಪನಿ ಬಿಟ್ಟರೆ ವೀಸಾವೂ ಹೋಗುತ್ತಿತ್ತು.

ಮೃತ್ಯುಂಜಯ ಸಿಟ್ಟಾದ. "ಎಲ್ಲಾರೂ ಇದ ಮಾತು ಹೇಳಿ ಹೆದರಸ್ತಾರ. ಬಿಟ್ಟು ಹೋಗು ಅನ್ನು ಆಕಿಗೆ."

"ನೀವು ನಿಮ್ಮ ಕಂಪನಿ ಬಿಟ್ಟು ಹೋದ್ರೇನು?" ನಂದಾ ಕೇಳಿದಳು. ಅಲ್ಲೇ ನೆಲೆಸಲು ಬೇಕಾದ ಅವನ ಗ್ರೀನ್ ಕಾರ್ಡ್ ಇನ್ನೂ ಬಂದಿರಲಿಲ್ಲ.

ನಾತ್ಸುಮಿ ಎರಡೂ ಮಾಡಿದಳು. ನಸುಕಿನಿಂದ ಮಧ್ಯಾಹ್ನದವರೆಗೆ ಮಕ್ಕಳ ಪಂದ್ಯಗಳು. ಆಮೇಲೆ ನಂದಾ ಅವಳನ್ನು ಕಾರಿನಲ್ಲಿ ಟ್ರೈಔಟ್‌ಗೆ ಒಯ್ದಳು. ದಾರಿಯುದ್ದಕ್ಕೂ ಅವಳು ಕಣ್ಣು ಮುಚ್ಚಿ ಒಣ ಅನ್ನದ ಉಂಡೆ ತಿಂದಳು. ಅಲ್ಲಿ ಬಂದಿದ್ದವರೆಲ್ಲ ಎತ್ತರದ, ಕಾಲೇಜು ತಂಡಗಳಿಂದ ಬಂದ ಹುಡುಗಿಯರು. ಓಟದ ಪರೀಕ್ಷೆಯಲ್ಲಿ ಅವಳು ಕೊನೆಯವರಲ್ಲಿ ಒಬ್ಬಳಾದಳು. ಆಡಿದ್ದೂ ಚೆನ್ನಾಗಿರಲಿಲ್ಲ. ಆಯ್ಕೆಯಾದವರ ಹೆಸರು ಓದಿದಾಗ ಅವಳ ಹೆಸರಿರಲಿಲ್ಲ.

ಅವಳು ಅಳಲಿಲ್ಲ. ಸೋಮವಾರ ಮೆಟುಚೆನ್ ಪಾರ್ಕಿನಲ್ಲಿ ಓಟದ ಗುರುತಿನ ಕೋನ್‌ಗಳನ್ನು ಸಾಲಾಗಿ ಇಟ್ಟಳು. "ಕೋಚ್, ಆರ್ ಯು ಸ್ಯಾಡ್?" ಎಂದು ಅನುಶ್ರೀ ಕೇಳಿದಳಂತೆ. "ನೋ. ಟಯರ್ಡ್" ಎಂದಳಂತೆ. ಆ ಚಳಿಗಾಲವೆಲ್ಲ ಅವಳು ಹಿಮ ತೆಗೆದ ರಸ್ತೆಯಂಚಿನಲ್ಲಿ ಒಬ್ಬಳೇ ಓಡಿದಳು. ಯಾಕೆ ಓಡ್ತೀ ಎಂದು ಯಾರೂ ಕೇಳಲಿಲ್ಲ.

ಮಾರ್ಚ್‌ನಲ್ಲಿ ಟ್ರೈಔಟ್ ನಡೆಸಿದ ತಂಡದಿಂದ ಫೋನ್ ಬಂತು. ಅವರ ನಡುಮೈದಾನದ ಆಟಗಾರ್ತಿ ಒಬ್ಬಳ ಪಾದದ ಎಲುಬು ಮುರಿದಿತ್ತು. ಒಂದು ತಿಂಗಳ ಮಟ್ಟಿಗೆ ಬಂದು ನೋಡು, ಆದರೆ ಒಪ್ಪಂದದ ಭರವಸೆ ಕೊಡಲಾರೆವು ಎಂದರು. ಈ ಸಲ ನಾತ್ಸುಮಿ ಮ್ಯಾನೇಜರ್‌ನನ್ನು ರಜೆ ಕೇಳಲಿಲ್ಲ. ಕೆಲಸ ಬಿಡುತ್ತೇನೆ ಎಂದು ಬರೆದು ಕೊಟ್ಟಳು. ಕೊಟ್ಟು ಬಂದವಳು ಮಹಡಿ ಮೆಟ್ಟಿಲಿನ ಮೇಲೆ ಶೂ ಬಿಚ್ಚದೆ ಕೂತಿದ್ದಳು. ನಂದಾ ಬಂದು ಪಕ್ಕದಲ್ಲಿ ಕೂತಳು.

"ಹೆದರಿಕೆ ಆಗ್ತಿದೆಯಾ?"

"ಹೌದು. ಆದರೆ ಮತ್ತೆ ಎರಡೂ ಮಾಡೋಕೆ ಆಗಲ್ಲ, ನಂದಾ-ಸಾನ್. ಶಕ್ತಿ ಇಲ್ಲ."

ತಿಂಗಳು ಮುಗಿಯುವ ಮೊದಲೇ ತಂಡ ಅವಳನ್ನು ಉಳಿಸಿಕೊಂಡಿತು, ವೀಸಾ ತನ್ನ ಹೆಸರಿಗೆ ಬದಲಾಯಿಸಿತು. ತರಬೇತಿ ಲಾಂಗ್ ಐಲೆಂಡ್‌ನಲ್ಲಿ. ಮೆಟುಚೆನ್‌ನಿಂದ ನ್ಯೂಯಾರ್ಕಿನ ಪೆನ್ ಸ್ಟೇಷನ್, ಅಲ್ಲಿಂದ ಇನ್ನೊಂದು ಟ್ರೇನ್. ಬೆಳಗಿನ ಗಾಡಿಯಲ್ಲಿ ಟೈ ಕಟ್ಟಿ ಆಫೀಸಿಗೆ ಹೊರಟವರ ನಡುವೆ ಟ್ರ್ಯಾಕ್ ಸೂಟಿನ ನಾತ್ಸುಮಿ ನಿಂತೇ ನಿದ್ದೆ ಮಾಡುತ್ತಿದ್ದಳು. ಆದರೆ ಪಂದ್ಯಗಳಲ್ಲಿ ಅವಳಿಗೆ ಬೆಂಚೇ ಗತಿಯಾಯಿತು. ಕೊನೆಯ ಕೆಲವು ನಿಮಿಷಗಳಿಗೆ ಇಳಿಸುವರು, ಕೆಲವೊಮ್ಮೆ ಅದೂ ಇಲ್ಲ.

ಅದೇ ಹೊತ್ತಿಗೆ ಇಂಟರ್ನೆಟ್ ಕಂಪನಿಗಳಾದ ಡಾಟ್‌ಕಾಮ್‌ಗಳು ಒಂದೊಂದಾಗಿ ಮುಳುಗುತ್ತಿದ್ದವು. ಮೃತ್ಯುಂಜಯನ ಪ್ರಾಜೆಕ್ಟ್ ನಿಂತಿತು. ಪ್ರಾಜೆಕ್ಟ್ ಇಲ್ಲದೆ ಮನೆಯಲ್ಲಿ ಕೂತ ಕನ್ಸಲ್ಟೆಂಟ್‌ಗೂ 'ಬೆಂಚ್ ಮೇಲಿದ್ದಾನೆ' ಎಂದೇ ಹೇಳುತ್ತಾರೆ. ಅವನು ಹಗಲು ಹೊತ್ತು ರೆಸ್ಯೂಮೆ ಕಳಿಸುವುದು, ಸಂಜೆ ಸ್ಟೇಷನ್ನಿಗೆ ಹೋಗಿ ನಾತ್ಸುಮಿಯನ್ನು ಕರೆತರುವುದು.

"ಇವತ್ತು ಆಡಿಸಿದ್ರಾ?" ಅವನು ಕೇಳುವನು.

"ಇಲ್ಲ. ನಿಮಗೆ ಫೋನ್ ಬಂತಾ?"

"ಇಲ್ಲ."

ಅಷ್ಟೇ ಮಾತು. ಮನೆ ಬರುವವರೆಗೆ ರೇಡಿಯೋ.

ಜುಲೈಯಲ್ಲಿ ಕೋಚ್ ಅವಳನ್ನು ಮೊದಲ ಹನ್ನೊಂದರಲ್ಲಿ ಹಾಕಿದಳು. ಬಿಸಿಲು ಬೆಂಕಿಯಂತಿತ್ತು. ನಂದಾ, ಮೃತ್ಯುಂಜಯ, ಅನುಶ್ರೀ ಮೂವರೂ ಹೋಗಿದ್ದರು. ಎದುರು ತಂಡದ ನಡುವಿನಲ್ಲಿ ಇಡೀ ದೇಶ ಹೆಸರು ಬಲ್ಲ ಒಬ್ಬ ಆಟಗಾರ್ತಿ. ಮೊದಲರ್ಧದಲ್ಲಿ ಅವಳು ನಾತ್ಸುಮಿಯನ್ನು ಎರಡು ಸಲ ಆಟಿಕೆಯಂತೆ ದಾಟಿಹೋದಳು, ಎರಡನೆಯದು ಗೋಲಾಯಿತು. ಮೃತ್ಯುಂಜಯ ಮುಖ ಮುಚ್ಚಿಕೊಂಡ. ಆದರೆ ವಿರಾಮದ ನಂತರ ನಾತ್ಸುಮಿ ಅವಳ ಬೆನ್ನಟ್ಟುವುದನ್ನು ಬಿಟ್ಟಳು. ಅವಳಿಗೆ ಚೆಂಡು ಬರುವ ದಾರಿಯಲ್ಲೇ ನಿಲ್ಲತೊಡಗಿದಳು. ಒಂದು, ಎರಡು, ಮೂರು ಸಲ ಕಸಿದಳು. ನಾಲ್ಕನೆಯ ಸಲ ಕಸಿದ ಚೆಂಡನ್ನು ತಲೆಯೆತ್ತಿಯೂ ನೋಡದೆ ಎಡಗಡೆಗೆ ಉದ್ದ ಹೊಡೆದಳು. ಅಲ್ಲಿಂದ ಗೋಲು ಬಂತು. ಜನ ಎದ್ದು ಕೂಗಿದ್ದು ಗೋಲು ಹೊಡೆದವಳ ಹೆಸರನ್ನು. ಅನುಶ್ರೀ ಮಾತ್ರ ಗಂಟಲು ಹರಿಯುವಂತೆ "ನತ್ತೂ!" ಎಂದು ಕಿರುಚಿದಳು.

ಪಂದ್ಯ ಒಂದೊಂದು ಗೋಲಿಗೆ ಸಮವಾಯಿತು. ಮುಂದಿನ ಪಂದ್ಯಕ್ಕೂ ನೀನೇ ಎಂದು ಕೋಚ್ ಹೇಳಿದ ಸುದ್ದಿಯನ್ನು ನಾತ್ಸುಮಿ ಕಾರಿನಲ್ಲಿ ಹವಾಮಾನ ಹೇಳಿದಂತೆ ಹೇಳಿದಳು.

"ಖುಷಿ ಆಗಿಲ್ವಾ?" ನಂದಾ ಕೇಳಿದಳು.

"ಆಗುತ್ತೆ. ನಾಳೆ ಆಗುತ್ತೆ" ಎಂದು ಕಿಟಕಿಗೆ ತಲೆಯಿಟ್ಟು ಮನೆಯ ದಾರಿಯಲ್ಲಿನ ಸೇತುವೆ ಬರುವಷ್ಟರಲ್ಲಿ ಮಲಗಿಬಿಟ್ಟಳು.

ಆಮೇಲೆ ಅವಳು ಬೆಂಚಿಗೆ ಮರಳಲಿಲ್ಲ. ಮರುವರ್ಷ ಮೈದಾನದ ಹತ್ತಿರವೇ ಒಂದು ಅಪಾರ್ಟ್‌ಮೆಂಟ್ ಹಿಡಿದಳು. ಜಪಾನಿನ ರಾಷ್ಟ್ರೀಯ ತಂಡ, ಮೊಣಕಾಲಿನ ವರ್ಷ ಕೈಬಿಟ್ಟದ್ದು, ಇಪ್ಪತ್ತೆಂಟರ ಹೊತ್ತಿಗೆ ಅವಳನ್ನು ಮತ್ತೆ ಕರೆಯಿತು. ತನ್ನ ಊರಿನ ಹತ್ತಿರವೇ ನಡೆದ ಸ್ನೇಹಪಂದ್ಯಕ್ಕೆ ಅಪ್ಪ ಕಾರ್ಖಾನೆಯ ಗೆಳೆಯರನ್ನು ಕಟ್ಟಿಕೊಂಡು ಬಂದಿದ್ದರಂತೆ. ಆಟದ ಬಗ್ಗೆ ಒಂದು ಮಾತೂ ಆಡದೆ, ಬಹಳ ತೆಳ್ಳಗಾಗಿದ್ದೀ ಎಂದರಂತೆ. ಲೀಗ್ ಮಾತ್ರ ಬಾಳಲಿಲ್ಲ. ಮೂರು ವರ್ಷಕ್ಕೆ ಅದರ ದುಡ್ಡು ಮುಗಿದು ಬಾಗಿಲು ಹಾಕಿತು. ಎರಡನೆಯ ಸಲ ಅವಳ ತಂಡ ಅವಳ ಕಣ್ಣೆದುರೇ ಮುಚ್ಚಿತ್ತು. ಅವಳು ಊರಿಗೆ ಹೋಗಿ ಇನ್ನೆರಡು ವರ್ಷ ಆಡಿ, ಒಂದು ಹೈಸ್ಕೂಲಿನಲ್ಲಿ ಹುಡುಗಿಯರ ಕೋಚ್ ಆದಳು.

ಮೃತ್ಯುಂಜಯನಿಗೆ ಕೊನೆಗೆ ಕೆಲಸ ಸಿಕ್ಕಿ, ಅವರ ಮನೆ ವೆಸ್ಟ್ ವಿಂಡ್ಸರ್‌ಗೆ ಬದಲಾಯಿತು. ಅನುಶ್ರೀ ಸಾಕರ್ ಬಿಟ್ಟು ಪಿಟೀಲು ಹಿಡಿದಳು. ನಾತ್ಸುಮಿ ಆಗಾಗ ಫೋನ್ ಮಾಡುತ್ತಾಳೆ. ಅಲ್ಲಿ ಸಂಜೆ, ಇಲ್ಲಿ ಬೆಳಗು.

"ಹುಡುಗಿಯರು ಹೇಗಿದ್ದಾರೆ?" ಎಂದು ನಂದಾ ಮೊನ್ನೆ ಕೇಳಿದಳು.

"ತುಂಬಾ ಗಲಾಟೆ. ಈಗ ನಾನು ಓಡಲ್ಲ, ಕೂಗ್ತೀನಿ. ಕೂಗೋದು ಇನ್ನೂ ಸುಸ್ತು."

ನಂದಾ ನಕ್ಕಳು. ರೂಟ್ ಒನ್ ಆಗಲೇ ತುಂಬಿರುತ್ತದೆ, ಭಾನುವಾರ ಮಾತಾಡೋಣ ಎಂದು ಫೋನ್ ಇಟ್ಟು, ಟಿಫಿನ್ ಡಬ್ಬಿ ಎತ್ತಿಕೊಂಡು ಕಾರಿನ ಕಡೆ ನಡೆದಳು.