ಹಿಂದಕ್ಕೆ ನಡೆಯುವವನ ಬೆಲ್ಟ್

ನಮ್ಮ ಚಿಕ್ಕಪ್ಪನಿಗೆ ವಿಡಿಯೋದವರ ಮೇಲೆ ಹಳೆಯ ಸಿಟ್ಟೊಂದಿತ್ತು. ಮೂವತ್ತು ವರ್ಷ ತಲೆಯ ಮೇಲೆ ಪೂಜೆ ಹೊತ್ತು ಕುಣಿದವರು ಅವರು. ಪೂಜೆ ಎಂದರೆ ಆಳೆತ್ತರದ ಬಿದಿರಿನ ಚೌಕಟ್ಟು. ಅದಕ್ಕೆ ಸೀರೆ ಸುತ್ತಿ, ನಡುವೆ ಊರಮ್ಮನ ಹಿತ್ತಾಳೆ ಮುಖ ಕಟ್ಟಿ, ತುದಿಗೆ ಕಳಶ ಇಟ್ಟಿರುತ್ತಾರೆ. ಅದನ್ನು ಕೈಯಲ್ಲಿ ಹಿಡಿಯದೆ ತಲೆಯ ಮೇಲೆ ನಿಲ್ಲಿಸಿಕೊಂಡು ತಮಟೆಗೆ ಹೆಜ್ಜೆ ಹಾಕಬೇಕು. ದೊಡ್ಡಬಳ್ಳಾಪುರದ ಕಡೆ ಅವರ ಕುಣಿತ ನೋಡದವರು ಕಡಿಮೆ. ಆದರೆ ಇದುವರೆಗೆ ತೆಗೆದ ವಿಡಿಯೋಗಳಲ್ಲೆಲ್ಲ ಅವರು ಅರ್ಧವೇ ಇದ್ದರು.

“ಅಮ್ಮನ ಮುಖ ಇದ್ರೆ ನನ್ ಕಾಲಿಲ್ಲ, ಕಾಲಿದ್ರೆ ಅಮ್ಮನ ಮುಖ ಇಲ್ಲ. ಎರಡೂ ಇದ್ರೆ ಭೂಮಿ ನಡುಗ್ದಂಗೆ ಅಲ್ಲಾಡ್ತದೆ. ನೀನೂ ಅದೇ ಕಸುಬಿನವನೇ ಅಲ್ವೇನ್ಲಾ?” ಎಂದು ನನ್ನನ್ನೇ ಬೈಯುತ್ತಿದ್ದರು.

ಹೌದು, ನನ್ನದೂ ಅದೇ ಕಸುಬು. ಸಿನಿಮಾ ಹಾಡುಗಳಿಗೆ, ಸೀರಿಯಲ್ಲಿಗೆ, ಸೀಸನ್ ಬಂದರೆ ಮದುವೆಗಳಿಗೆ ಗಿಂಬಲ್ ಹಿಡಿಯುವವನು ನಾನು. ಗಿಂಬಲ್ ಎಂದರೆ ಕ್ಯಾಮೆರಾ ಕೂರಿಸುವ ಮೂರು ಮೋಟಾರಿನ ಹಿಡಿ. ನನ್ನ ಕೈ ಯಾವ ಕಡೆ ವಾಲಿದರೂ ಕ್ಯಾಮೆರಾ ವಾಲದಂತೆ ಅದು ನೋಡಿಕೊಳ್ಳುತ್ತದೆ. ಕುಣಿಯುವವರು ಮುಂದಕ್ಕೆ ಬರುತ್ತಾರೆ, ನಾನು ಅವರಿಗೆದುರಾಗಿ ಹಿಂದಕ್ಕೆ ನಡೆಯುತ್ತೇನೆ. ಆದರೆ ಹೆಜ್ಜೆ ಹೆಜ್ಜೆಗೂ ಮೇಲೆ ಕೆಳಗೆ ಆಗುವ ಕುಲುಕಾಟವನ್ನು ಮೋಟಾರು ತಡೆಯುವುದಿಲ್ಲ. ಅದನ್ನು ಮಂಡಿಯೇ ತಡೆಯಬೇಕು. ಇದನ್ನು ನಾನು ಯಾವ ಕೋರ್ಸಿನಲ್ಲೂ ಕಲಿಯಲಿಲ್ಲ. ಚಿಕ್ಕಪ್ಪ ಹಿತ್ತಲಲ್ಲಿ ನೀರು ತುಂಬಿದ ಬಿಂದಿಗೆ ತಲೆಯ ಮೇಲಿಟ್ಟುಕೊಂಡು ಹೆಜ್ಜೆ ಹಾಕುವುದನ್ನು ನೋಡಿ ಕಲಿತೆ. “ಕುಣಿಯೋದ್ನೆಲ್ಲ ಮಂಡೀಲೇ ಮುಗಿಸ್ಬೇಕು ಕಣ್ಲಾ, ಕತ್ತಿನ ತಂಕ ಬಿಡಬಾರ್ದು” ಎನ್ನುತ್ತಿದ್ದರು.

ಹೋದ ವರ್ಷ ಆ ಕತ್ತೇ ಕೈಕೊಟ್ಟಿತು. ಬಲಗೈ ಆಗಾಗ ಜೋಮು ಹಿಡಿಯತೊಡಗಿತು. ಡಾಕ್ಟರು ಸ್ಕ್ಯಾನ್ ನೋಡಿ, ಕತ್ತಿನ ಮೂಳೆ ಸವೆದು ನರ ಒತ್ತುತ್ತಿದೆ, ಇನ್ನು ತಲೆಯ ಮೇಲೆ ಬಿಂದಿಗೆಯನ್ನೂ ಇಡಬೇಡಿ, ಒಂದು ಜರ್ಕ್ ಸಾಕು ಎಂದರು. ಆದರೆ ಪೂಜೆ ಹೊರುವವರು ನಮ್ಮಲ್ಲಿ ಹಾಗೇ ಬಿಟ್ಟುಬಿಡುವಂತಿಲ್ಲ. ಕೊನೆಯದಾಗಿ ಒಮ್ಮೆ ಹೊತ್ತು, ಕುಣಿಯುತ್ತಲೇ ಹೋಗಿ, ಅಮ್ಮನ ಗುಡಿಯಲ್ಲಿ ಒಪ್ಪಿಸಬೇಕು. ಗುಡಿಯ ಹೊಸ್ತಿಲಲ್ಲಿ ಇಳಿಸಿದ ಮೇಲೆ ಅವರು ಅದನ್ನು ಮತ್ತೆ ಎತ್ತುವಂತಿಲ್ಲ.

ಚಿಕ್ಕಮ್ಮ ಬಿಲ್‌ಕುಲ್ ಒಪ್ಪಲಿಲ್ಲ. “ಅಮ್ಮನಿಗೇನ್ ಕಣ್ಣಿಲ್ವಾ? ಆಟೋದಲ್ಲಿ ತಂದ್ಕೊಟ್ರೂ ಇಸ್ಕೋತಾಳೆ” ಎಂದರು. ಅಲ್ಲಿಗೆ ಮಾತು ನಿಲ್ಲುತ್ತಿತ್ತೋ ಏನೋ. ಸುಮ್ಮನಿರಲಾರದೆ ನಾನು ಬಾಯಿ ಹಾಕಿದೆ.

“ಒಪ್ಪಿಸೋ ದಿನ ನಾನೇ ತೆಗೀತೀನಿ ಚಿಕ್ಕಪ್ಪ. ಕಾಲೂ ಇರುತ್ತೆ, ಅಮ್ಮನೂ ಇರ್ತಾಳೆ, ಅಲ್ಲಾಡೋದೂ ಇಲ್ಲ.”

ಅದಾದ ಮೇಲೆ ಅವರನ್ನು ತಡೆಯುವುದು ಯಾರಿಂದಲೂ ಆಗಲಿಲ್ಲ. ಚಿಕ್ಕಮ್ಮ ನನ್ನನ್ನು ನೋಡಿದ ನೋಟ ಇನ್ನೂ ಮರೆತಿಲ್ಲ. ಚಿಕ್ಕಪ್ಪನ ಕತ್ತಿಗೆ ಏನಾದರೂ ಆದರೆ ಅದು ನನ್ನ ತಲೆಗೇ ಬರುತ್ತದೆ ಎನ್ನುವುದು ನನಗೂ ಗೊತ್ತಿತ್ತು.

ಮನೆಯಿಂದ ಗುಡಿಗೆ ಒಂದೇ ಬೀದಿ. ಅದನ್ನು ಎಷ್ಟು ಸಲ ಹಿಂದುಮುಂದಾಗಿ ನಡೆದು ನೋಡಿದೆನೋ, ಎದುರುಮನೆಯ ಅಜ್ಜಿ “ಏನಪ್ಪಾ, ಏನಾರ ಕಳ್ಕೊಂಡಿದೀಯಾ?” ಎಂದು ಕೇಳಿಯೇಬಿಟ್ಟರು. ಅರ್ಧ ದಾರಿಯವರೆಗೆ ಬೀದಿ ಇಕ್ಕಟ್ಟು. ಆಮೇಲೆ ಸ್ವಲ್ಪ ಅಗಲವಾಗುವ ಕಡೆ, ನಟ್ಟನಡುವೆ, ದನಗಳು ನೀರು ಕುಡಿಯುವ ಕಲ್ಲಿನ ತೊಟ್ಟಿ. ಮೊಣಕಾಲೆತ್ತರ. ಹಿಂದಕ್ಕೆ ನಡೆಯುವವನಿಗೆ ಅದಕ್ಕಿಂತ ಕೆಟ್ಟ ಎತ್ತರ ಇನ್ನೊಂದಿಲ್ಲ. ಸಿನಿಮಾದಲ್ಲಾದರೆ ಒಂದು ಟೇಕ್ ಕೆಟ್ಟರೆ ಇನ್ನೊಂದು. ಇಲ್ಲಿ ಒಂದೇ. ನಾನು ಎಡವಿದರೆ ವಿಡಿಯೋ ಹೋಗುವುದಷ್ಟೇ ಅಲ್ಲ. ಬೀಳುವವನನ್ನು ಕಂಡು ಚಿಕ್ಕಪ್ಪ ಬೆಚ್ಚಿದರೆ ಆ ಕತ್ತಿನ ಗತಿ ಏನು?

ಅದಕ್ಕೇ ಹಿಂದಕ್ಕೆ ನಡೆಯುವವನ ಬೆಲ್ಟನ್ನು ಯಾರಾದರೂ ಬೆನ್ನ ಹಿಂದಿನಿಂದ ಹಿಡಿದಿರಬೇಕು. ಸೆಟ್ಟಿನಲ್ಲಿ ಅದಕ್ಕೆಂದೇ ಒಬ್ಬರಿರುತ್ತಾರೆ. ಒಂದು ಸಲ ಎಳೆದರೆ ನಿಲ್ಲು, ಎರಡು ಸಲ ಎಳೆದರೆ ಪಕ್ಕಕ್ಕೆ ಸರಿ. ಎಳೆಯದಿದ್ದರೆ ದಾರಿ ಸರಿಯಿದೆ ಎಂದು ಅರ್ಥ. ನನ್ನ ಜೊತೆ ಕೆಲಸ ಮಾಡುವವರಲ್ಲಿ ಒಬ್ಬರನ್ನು ಕರೆಸುತ್ತೇನೆ ಎಂದಾಗ ಚಿಕ್ಕಮ್ಮ ಸೆರಗು ಸೊಂಟಕ್ಕೆ ಸಿಕ್ಕಿಸಿ ಎದ್ದರು.

“ಯಾರೂ ಬೇಡ, ನಾನೇ ಹಿಡ್ಕೋತೀನಿ. ಈ ಬೀದಿ ಕಲ್ಲುಕಲ್ಲೂ ನಂಗೆ ಗೊತ್ತು. ನೀನ್ ಬಿದ್ರೆ ಅವ್ರೂ ಬೀಳ್ತಾರೆ, ಅಷ್ಟೇ ನನ್ ತಲೇಲಿರೋದು.”

ಅವರಿಗಿಂತ ಎಚ್ಚರದವರು ಸಿಗುವುದಿಲ್ಲ ಎಂದು ನಾನೂ ಒಪ್ಪಿದೆ. ಎರಡು ದಿನ ಬೆಲ್ಟ್ ಹಿಡಿದು ಅಭ್ಯಾಸ ಮಾಡಿದೆವು. ಒಮ್ಮೆಯೂ ತಪ್ಪಲಿಲ್ಲ.

ಮಂಗಳವಾರ ಬೆಳಿಗ್ಗೆ ನಾನು ಕ್ಯಾಮೆರಾವನ್ನು ಗಿಂಬಲ್ಲಿಗೆ ಕೂರಿಸಿ, ಮೋಟಾರು ಹಾಕದೆಯೇ ಅದು ನೆಟ್ಟಗೆ ನಿಲ್ಲುವವರೆಗೆ ಕೂದಲೆಳೆಯಷ್ಟು ಆಚೆ ಈಚೆ ಜರುಗಿಸುತ್ತಿದ್ದೆ. ಪಕ್ಕದಲ್ಲಿ ಚಿಕ್ಕಪ್ಪ ಪೂಜೆಯ ಸೀರೆಗಳನ್ನು ಬಿಗಿ ಮಾಡಿ ಸಡಿಲ ಮಾಡಿ ಅದನ್ನೇ ಮಾಡುತ್ತಿದ್ದರು. ಆಮೇಲೆ ಒಂದು ಮೊಳ ಹೂವು ತಂದು ಕ್ಯಾಮೆರಾಗೆ ಕಟ್ಟಲು ಬಂದರು.

“ಬೇಡ ಚಿಕ್ಕಪ್ಪ, ತೂಕ ತಪ್ಪುತ್ತೆ.”

“ಒಂದ್ ಮೊಳ ಹೂವಿಗೆ ತೂಕ ತಪ್ಪೋ ಯಂತ್ರಾನ ನಂಬ್ಕೊಂಡು ಹೊರಟಿದೀವಲ್ಲೋ” ಎಂದು ನಕ್ಕು, ಆ ಹೂವನ್ನು ನನ್ನ ಬೆಲ್ಟಿಗೆ ಕಟ್ಟಿದರು. ನನಗೆ ನಗು ಬರಲಿಲ್ಲ.

ತಮಟೆ ಶುರುವಾಯಿತು. ನಾಲ್ಕು ಜನ ಎತ್ತಿ ಅವರ ತಲೆಯ ಮೇಲೆ ಪೂಜೆ ಇಟ್ಟರು. ಕ್ಷಣ ಕಾಲ ಅವರ ಮುಖ ಬಿಗಿಯಿತು. ಆಮೇಲೆ ಮಂಡಿ ಬಗ್ಗಿತು, ಕಾಲು ಎದ್ದಿತು, ಕುಣಿತ ಹಿಡಿಯಿತು.

ಅಲ್ಲಿಂದ ಮುಂದೆ ನಾನು ಅವರನ್ನು ನೋಡಲಿಲ್ಲ. ಗಿಂಬಲ್ ಹಿಡಿದವನು ಯಾರನ್ನೂ ನೋಡುವುದಿಲ್ಲ, ಅಂಗೈಯಗಲದ ಸ್ಕ್ರೀನಿನ ಅಂಚು ನೋಡುತ್ತಾನೆ. ಮೇಲೆ ಕಳಶ ಇದೆಯಾ, ಕೆಳಗೆ ಪಾದ ಇದೆಯಾ, ಮಟ್ಟದ ಗೆರೆ ವಾಲಿದೆಯಾ, ಅಷ್ಟೇ. ಬಿಸಿಲು ಸ್ಕ್ರೀನಿಗೆ ಬಡಿದು ಅದೂ ಅರ್ಧ ಕಾಣುತ್ತಿರಲಿಲ್ಲ. ಅವರು ಒಂದು ಹೆಜ್ಜೆ ಬಂದರೆ ನಾನು ಒಂದು ಹೆಜ್ಜೆ ಹಿಂದೆ. ಎಡಕ್ಕೆ ತೂಗಿದರೆ ನಾನೂ ತೂಗಿದೆ. ಬೆಲ್ಟಿನಿಂದ ಎಳೆತ ಬರಲಿಲ್ಲ, ಹಾಗಾದರೆ ದಾರಿ ಸರಿಯಿದೆ. ತೊಟ್ಟಿ ಇನ್ನೂ ದೂರವಿರಬೇಕು ಎಂದುಕೊಂಡೆ.

ಆಗಲೇ ಅವರು ತಪ್ಪಿದರು. ಗುಡಿಯ ಮುಂದೆ ಹಾಕಬೇಕಾಗಿದ್ದ ದೊಡ್ಡ ಸುತ್ತನ್ನು ನಡುಬೀದಿಯಲ್ಲೇ ಹಾಕಿಬಿಟ್ಟರು. ಮಂಡಿಯನ್ನು ನೆಲಕ್ಕೆ ತಾಗುವಷ್ಟು ಬಗ್ಗಿಸಿ, ಸರಕ್ಕನೆ ಎಡಕ್ಕೆ ತಿರುಗಿದರು. ಮುಖ ತಪ್ಪಿಹೋಗದಿರಲೆಂದು ನಾನೂ ಅವರ ಸುತ್ತ ಅರ್ಧಚಂದ್ರಾಕಾರವಾಗಿ ಓಡಬೇಕಾಯಿತು. ಪೂಜೆ ಒಂದು ಸಲ ಓಲಾಡಿತು. ತಮಟೆಯವರಿಗೂ ಲೆಕ್ಕ ತಪ್ಪಿತು. ಮಾತಾಡಿಕೊಂಡದ್ದೇನು, ಇವರು ಮಾಡುತ್ತಿರುವುದೇನು ಎಂದು ನನಗೆ ಮೈ ಉರಿದುಹೋಯಿತು. ಹೇಗೋ ಸಾವರಿಸಿಕೊಂಡು ಗುಡಿ ಮುಟ್ಟಿದೆವು.

ಪೂಜೆ ಹೊಸ್ತಿಲಲ್ಲಿ ಇಳಿಯಿತು. ಚಿಕ್ಕಪ್ಪ ಅಡ್ಡಬಿದ್ದು ಎದ್ದು, ಕಟ್ಟೆಯ ಮೇಲೆ ಕೂತು, ಬಲಗೈಯನ್ನು ಎಡಗೈಯಲ್ಲಿ ಹಿಸುಕಿಕೊಳ್ಳುತ್ತಿದ್ದರು. ನೀರು ಬೇಕಾ ಎಂದು ಕೇಳಬೇಕಾದವನು ನಾನು ಕೇಳಿದ್ದು ಬೇರೆ.

“ಅಲ್ಲಿ ಯಾಕ್ ತಿರುಗಿದ್ರಿ ಚಿಕ್ಕಪ್ಪ? ಎಲ್ಲಾ ಕೆಟ್ಟೋಗ್ತಿತ್ತು!”

“ಹಂಗೇ ಬಂದ್ಬಿಡ್ತು ಕಣ್ಲಾ” ಎಂದಷ್ಟೇ ಹೇಳಿದರು.

ಮಧ್ಯಾಹ್ನ ಊಟವಾದ ಮೇಲೆ ಜಗುಲಿಯಲ್ಲಿ ಲ್ಯಾಪ್‌ಟಾಪ್ ಇಟ್ಟು ಮೂವರೂ ನೋಡಿದೆವು. ಕಳಶದಿಂದ ಕಾಲ್ಬೆರಳವರೆಗೆ ಇಡೀ ಮನುಷ್ಯ, ಒಂದಿಷ್ಟೂ ಅಲುಗದೆ ತೇಲಿಬರುತ್ತಿದ್ದರು. “ಕಾಲೂ ಅವೆ, ಅಮ್ಮನೂ ಅವ್ಳೆ” ಎಂದು ಚಿಕ್ಕಪ್ಪ ಮಗುವಿನ ಹಾಗೆ ಖುಷಿಪಟ್ಟರು. ಆಗ ಮೊದಲ ಸಲ ನಾನು ವಿಡಿಯೋದಲ್ಲಿ ಕುಣಿಯುತ್ತಿದ್ದ ಅವರ ಮುಖ ನೋಡಿದೆ. ಅವರ ಕಣ್ಣು ಕ್ಯಾಮೆರಾದ ಮೇಲಿರಲಿಲ್ಲ. ನನ್ನ ಬೆನ್ನ ಹಿಂದೆ, ಕೆಳಗೆ, ಏನನ್ನೋ ನೋಡುತ್ತಿತ್ತು. ಹುಬ್ಬು ಮೇಲೇರಿತು. ತಲೆ ಆಡಿಸುವಂತಿಲ್ಲ, ಕೈ ಎತ್ತುವಂತಿಲ್ಲ. ತುಟಿ ಏನೋ ಅಂದಿತು, ತಮಟೆಯ ಸದ್ದಿನಲ್ಲಿ ಅದು ಕೇಳಿಸಲಿಲ್ಲ. ಮರುಕ್ಷಣ ಅವರು ಮಂಡಿ ಬಗ್ಗಿಸಿ ಎಡಕ್ಕೆ ತಿರುಗಿದರು. ಕ್ಯಾಮೆರಾ ಅವರೊಂದಿಗೆ ಸುತ್ತಿತು, ಫ್ರೇಮಿನ ಎಡ ಅಂಚಿನಲ್ಲಿ ಕಲ್ಲಿನ ತೊಟ್ಟಿ ಬಂದು ಹೋಯಿತು. ನಾನು ನಿಂತಿದ್ದ ಜಾಗದಿಂದ ಒಂದೇ ಹೆಜ್ಜೆ.

ಇನ್ನೂ ಆಚೆ, ಗೋಡೆಯ ಪಕ್ಕ, ಚಿಕ್ಕಮ್ಮ ನಿಂತಿದ್ದರು. ಕಣ್ಣು ಮುಚ್ಚಿ, ಎರಡೂ ಕೈ ಮುಗಿದು.

ಚಿಕ್ಕಮ್ಮನೇ ಬಾಯಿಬಿಟ್ಟರು. “ಅಮ್ಮ ಎದುರಿಗೇ ಬಂದ್ಬಿಟ್ಲು ಕಣಪ್ಪ. ದಾರಿ ಬಿಟ್ಟು ಪಕ್ಕಕ್ಕೆ ಸರಿದೆ, ಕೈ ತಾನಾಗೇ ಮುಗೀತು. ನಿನ್ ಬೆಲ್ಟ್ ಬಿಟ್ಟಿದ್ದೂ ಗೊತ್ತಾಗ್ಲಿಲ್ಲ.” ಸೆರಗು ಬಾಯಿಗಿಟ್ಟುಕೊಂಡು ಅತ್ತರು. ಅವರನ್ನು ಏನೆಂದು ಬೈಯಲಿ? ಪೂಜೆ ಎದುರಿಗೆ ಬಂದಾಗ ಕೈ ಮುಗಿಯದೆ ನಿಲ್ಲುವ ಹೆಂಗಸು ನಮ್ಮೂರಲ್ಲಿ ಇಲ್ಲ. ಅದು ನನಗೆ ಮೊದಲೇ ಹೊಳೆಯಬೇಕಿತ್ತು. ಎರಡು ದಿನದ ಅಭ್ಯಾಸದಲ್ಲಿ ಎದುರಿಗೆ ಪೂಜೆ ಇರಲಿಲ್ಲವಲ್ಲ.

ಆ ಒಂದು ತಿರುವಿನಿಂದ ಚಿಕ್ಕಪ್ಪನ ಬಲಗೈಯ ಎರಡು ಬೆರಳು ಸ್ವಾಧೀನ ಕಳೆದುಕೊಂಡವು. ಈಗ ಅಂಗಿಯ ಗುಂಡಿಯನ್ನು ಚಿಕ್ಕಮ್ಮ ಹಾಕುತ್ತಾರೆ. ಡಾಕ್ಟರಿಗೆ ಚಿಕ್ಕಪ್ಪ ಹೇಳಿದ್ದು, ಕುಣಿತದ ಹುಮ್ಮಸ್ಸಿನಲ್ಲಿ ಸ್ವಲ್ಪ ಜಾಸ್ತಿ ಬಗ್ಗಿದೆ ಎಂದು. ಮನೆಗೆ ಬಂದವರಿಗೆಲ್ಲ ಆ ವಿಡಿಯೋ ತೋರಿಸಬೇಕು, ಹಾಕುವವನು ನಾನೇ ಆಗಬೇಕು. ನೋಡಿದವರು ಕ್ಯಾಮೆರಾ ಎಷ್ಟು ನೈಸಾಗಿ ಸುತ್ತಿದೆ ಎಂದು ನನ್ನನ್ನು ಹೊಗಳುತ್ತಾರೆ. ಆ ಜಾಗ ಬಂದಾಗ ನಾಚಿಕೆಯಿಂದ, ನೋವಿನಿಂದ, ನನ್ನ ಬೆರಳು ತಾನಾಗಿ ಮುಂದಕ್ಕೆ ಓಡಿಸಲು ಹೋಗುತ್ತದೆ.

ಚಿಕ್ಕಪ್ಪ ಎಡಗೈಯಿಂದ ನನ್ನ ಕೈ ಹಿಡಿಯುತ್ತಾರೆ. “ಯಾಕ್ಲಾ ಓಡಿಸ್ತೀಯ? ಇರ್ಲಿ ಬಿಡು. ಅಲ್ಲೇ ಕಣ್ಲಾ ನಾನು ಚೆನ್ನಾಗ್ ಕುಣಿದಿರೋದು.”