ಅಣ್ಣನ ಸುದ್ದಿ ಸಾರಿದ್ದು

ನಮ್ಮಲ್ಲಿ ಯಾರಾದರೂ ತೀರಿಕೊಂಡರೆ ಮನೆಯವರು ಮೊದಲು ಅಯ್ಯನವರಿಗೆ ಹೇಳಿ ಕಳಿಸುತ್ತಾರೆ, ಆಮೇಲೆ ನನಗೆ. ನನ್ನದೊಂದು ಮೂರು ಗಾಲಿಯ ಟಂಟಂ ಇದೆ. ದಿನಾ ರಬಕವಿ, ಬನಹಟ್ಟಿ, ಚಿಮ್ಮಡ ಅಂತ ಮಂದಿಯನ್ನು ಹೊತ್ತು ತಿರುಗುತ್ತೇನೆ. ಸಾವಾದ ದಿನ ಸೀಟು ಖಾಲಿ ಬಿಟ್ಟು, ಮೇಲೆ ಮೈಕು ಕಟ್ಟಿ ಸುದ್ದಿ ಸಾರುತ್ತೇನೆ. ಹುಡುಗರು ಇದನ್ನು ಅನೌನ್ಸ್ ಅನ್ನುತ್ತಾರೆ.

ಹೆಸರೊಂದನ್ನು ಕೂಗಿ ಮುಂದೆ ಹೋದರೆ ಸಾರಿದಂತಾಗುವುದಿಲ್ಲ. ಒಂದೇ ಹೆಸರಿನವರು ಓಣಿಗೊಬ್ಬರು ಇರುತ್ತಾರೆ. ಸತ್ತವರು ಯಾರ ಮಗ, ಯಾರ ತಂದೆ, ಯಾರಿಗೆ ಅಣ್ಣ, ಲೋಕಾಪುರದ ಯಾರ ಅಳಿಯ, ಮುಧೋಳದ ಯಾರಿಗೆ ಬೀಗ, ಇಷ್ಟೂ ಹೇಳಿದ ಮೇಲೆಯೇ ಊರಿಗೆ ಖಾತ್ರಿ. ಬದುಕಿದ್ದಾಗ ಒಬ್ಬನೇ ಓಡಾಡಿಕೊಂಡಿದ್ದ ಮನುಷ್ಯ ಸತ್ತ ದಿನ ಬಳಗವನ್ನೆಲ್ಲ ಬೆನ್ನಿಗೆ ಕಟ್ಟಿಕೊಂಡು ನನ್ನ ಮೈಕಿನಿಂದ ಹೊರಗೆ ಬರುತ್ತಾನೆ. ಭಾವನ ಹೆಸರಿಗಿಂತ ಅಳಿಯನ ಹೆಸರು ಮೊದಲು ಬಂತು ಅಂತ ಹೆಣ ಎತ್ತಲು ಬಿಡದವರನ್ನು ನೋಡಿದ್ದೇನೆ. ಅದಕ್ಕೇ ನನ್ನದೊಂದು ಕಟ್ಟುನಿಟ್ಟು. ಮನೆಯವರು ಹೇಳಿದ್ದನ್ನು ಹೇಳುತ್ತೇನೆ. ಯಾರು ಕಾಲಿಗೆ ಬಿದ್ದರೂ ಒಂದು ಹೆಸರು ಸೇರಿಸುವುದಿಲ್ಲ, ಒಂದು ಹೆಸರು ಬಿಡುವುದಿಲ್ಲ. ಐದನೆಯ ಇಯತ್ತೆಗೆ ಸಾಲಿ ಬಿಟ್ಟವನು ನಾನು. ಅಪ್ಪ ಮಗ್ಗಕ್ಕೆ ಕೂತರೆ ನೂಲಿನ ಕಂಡಿಕೆ ಸುತ್ತಲು ಒಬ್ಬರು ಬೇಕಾಗಿತ್ತು. ಆದರೆ ನನ್ನ ಬಾಯಿಂದ ಹೋದ ಸುದ್ದಿ ತಪ್ಪಿತು ಅಂತ ಈವರೆಗೆ ಯಾರೂ ಬಂದು ನಿಂತಿಲ್ಲ. ಇದನ್ನು ಹೇಳಿಕೊಳ್ಳಲು ನನಗೆ ನಾಚಿಕೆಯಿಲ್ಲ.

ನನ್ನ ಅಣ್ಣನಿಗೆ ಇತ್ತು.

ಅಣ್ಣ ನೇಕಾರ, ಕೊನೆಯವರೆಗೂ ನೇಕಾರ. ನಾನೂ ಅವನ ಪಕ್ಕದಲ್ಲೇ ನೇಯ್ದವನು. ಅಪ್ಪನ ಮನೆಯನ್ನು ನಡುವೆ ಒಂದು ಗೋಡೆ ಹಾಕಿ ಹಂಚಿಕೊಂಡಿದ್ದೆವು. ನನ್ನ ಪಾಲಿನ ಮಗ್ಗಗಳು ನಿಂತವು. ಮಾರಿ ಟಂಟಂ ತಂದೆ. ಅದಕ್ಕೂ ಅಣ್ಣ ಏನೂ ಅನ್ನಲಿಲ್ಲ. ಒಂದು ದಿನ ಓಣಿಯ ಮುದುಕರೊಬ್ಬರು ತೀರಿಕೊಂಡರು. ಸಾರುವವನು ಜ್ವರ ಬಂದು ಮಲಗಿದ್ದ. ನಿನ್ನ ಗಂಟಲು ದೊಡ್ಡದು ಅಂತ ನನ್ನ ಕೈಗೆ ಮೈಕು ಕೊಟ್ಟರು. ಅವತ್ತು ಸಂಜೆ ಅಣ್ಣ ನನ್ನ ಹೊಸ್ತಿಲಿನ ಹೊರಗೇ ನಿಂತು ಮಾತಾಡಿದ.

"ಮುತ್ಯಾ ನೇಯ್ದಾನ, ಅಪ್ಪಾ ನೇಯ್ದಾನ. ಸತ್ತ ಸುದ್ದಿ ಹೊತಗೊಂಡ ಓಣಿ ಓಣಿ ತಿರಗಿದಾವ ನಮ್ಮ ಮನಿತನದಾಗ ಒಬ್ಬನೂ ಇಲ್ಲ ಲೇ."

"ಮಗ್ಗ ನಿಂತಾವ ಅಣ್ಣಾ, ಗಾಲಿ ತಿರಗಾಕತ್ತಾವ. ಹೊಟ್ಟಿಗಿ ಯಾವುದಾದ್ರೇನು?"

"ಹೊಟ್ಟಿ ನಾಯೀನೂ ತುಂಬಸ್ಕೊಂತೈತಿ. ಮನಷಾಗ ಹೆಸರ ಅಂತ ಒಂದ ಇರತೈತಿ."

"ಹಂಗಾದ್ರ ನಿನ್ನ ಹೆಸರ ನೀನ ಇಟಗೋ. ನನಗ ಅದರ ಹಂಗ ಬ್ಯಾಡ."

"ಬ್ಯಾಡಂದಿ?"

"ಬ್ಯಾಡಂದೆ."

"ಆತು," ಅಂದ ಅಣ್ಣ. ಹೋದ. ಮುಗಿಯಿತು.

ಅಣ್ಣನಿಗೆ ವಂಶದ ಹೆಮ್ಮೆ ಎಲ್ಲಿಂದ ಬಂತು ಅನ್ನುವುದನ್ನು ಹೇಳಬೇಕು. ನಮ್ಮ ಹಿರಿಯರು ಬೀಳಗಿ ಕಡೆಯ ಹೊಳೆದಂಡೆಯ ಹಳ್ಳಿಯವರು. ಆ ಹಳ್ಳಿ ಈಗ ಹಿನ್ನೀರಿನ ಕೆಳಗಿದೆ. ಅಪ್ಪನ ಅಪ್ಪ ಮುತ್ಯಾನ ಸಮಾಧಿಯೂ ಅಲ್ಲೇ, ನೀರಿನಲ್ಲಿ. ಹೋಗಿ ಕೈಮುಗಿಯೋಣ ಅಂದರೆ ಒಂದು ಕಲ್ಲೂ ಇಲ್ಲ. ಕೆಲವು ವರ್ಷಕ್ಕೊಮ್ಮೆ ಹೆಳವ ಬರುತ್ತಾನೆ. ಮನೆಮನೆಗೆ ಬಂದು ಆ ಮನೆಯ ವಂಶ ಹೇಳುವುದು ಹೆಳವರ ಕಸುಬು. ಅಂಗಳದಲ್ಲಿ ಕಂಬಳಿ ಹಾಸಿ ಕೂರಿಸಿದರೆ, ನಮ್ಮವರು ಯಾವ ಬರದಲ್ಲಿ ಹೊಳೆ ದಾಟಿದರು, ಯಾರಿಗೆ ಯಾರು ಹುಟ್ಟಿದರು ಅಂತ ರಾಗವಾಗಿ ಹೇಳುತ್ತಾನೆ. ಅಣ್ಣ ಚಿಕ್ಕವನಿದ್ದಾಗಿನಿಂದ ಅದನ್ನು ಬಾಯಿಪಾಠ ಮಾಡಿದ್ದ. ನೀರು ನುಂಗಿದ ಮಂದಿ ಹೆಳವನ ಬಾಯಲ್ಲಿ ಮಾತ್ರ ಇದ್ದಾರೆ ಅನ್ನುತ್ತಿದ್ದ.

ಜಗಳವಾದ ಮೇಲೆ ಹೆಳವ ಬಂದಾಗ ನಾನು ಗೋಡೆಯ ಈಚೆ ಊಟಕ್ಕೆ ಕೂತಿದ್ದೆ. ಮುತ್ಯಾನ ಹೆಸರು ಬಂತು. ಅಪ್ಪನ ಹೆಸರು ಬಂತು. ಅಣ್ಣನ ಹೆಸರು ಬಂತು. ಮುಂದೆ ನನ್ನದು ಬರಬೇಕು. ರಾಗ ಸ್ವಲ್ಪ ತಡವರಿಸಿತು. ಅಣ್ಣ ಏನೋ ಅಂದ, ನನಗೆ ಕೇಳಲಿಲ್ಲ. ರಾಗ ಮತ್ತೆ ಎದ್ದಾಗ ಅಣ್ಣನ ಮಕ್ಕಳ ಹೆಸರಿಗೆ ಹೋಗಿತ್ತು. ನನ್ನ ಹೆಂಡತಿ ರೊಟ್ಟಿ ಬಡಿಯುವುದನ್ನು ನಿಲ್ಲಿಸಿ ನನ್ನ ಮುಖ ನೋಡಿದಳು.

"ಬಡಿ, ಬಡಿ. ಹಂಚ ಕಾದೈತಿ," ಅಂದೆ.

ಈ ವರ್ಷ ಅಣ್ಣ ಮಲಗಿದ. ಗೋಡೆಯಾಚೆ ಅವನ ಕೆಮ್ಮು ಕೇಳುತ್ತಿತ್ತು. ಹೆಂಡತಿ ದಿನಾ ಗಂಜಿ ಒಯ್ದು ಬರುತ್ತಿದ್ದಳು, ಅವಳಿಗೆ ಯಾರ ಅಡ್ಡಿಯೂ ಇರಲಿಲ್ಲ. "ಒಮ್ಮಿ ಹೋಗಿ ಬರ್ರಿ," ಅನ್ನುತ್ತಿದ್ದಳು. "ಕರೀಲಿ, ಹೋಗತೀನಿ," ಅನ್ನುತ್ತಿದ್ದೆ. ಒಂದು ಬೆಳಗ್ಗೆ ಕೆಮ್ಮು ಕೇಳಲಿಲ್ಲ. ಸ್ವಲ್ಪ ಹೊತ್ತಿಗೆ ಅಣ್ಣನ ಹೆಂಡತಿ, ನಮ್ಮ ವೈನಿ, ಚೀರಿದ್ದು ಕೇಳಿತು.

ಮದುವೆಗೆ ಕರೆದರೆ ಹೋಗಬೇಕು, ಸಾವಿಗೆ ಕರೆಯದಿದ್ದರೂ ಹೋಗಬೇಕು. ಇದು ಎಲ್ಲರಿಗೂ ಗೊತ್ತು. ಹೆಂಡತಿ ಓಡಿದಳು. ನಾನು ಅಂಗಿ ಹಾಕಿಕೊಂಡು ಬಾಗಿಲಿಗೆ ಬರುವಷ್ಟರಲ್ಲಿ ಅಣ್ಣನ ಹಿರಿಯ ಮಗ ಎದುರಿಗೆ ನಿಂತಿದ್ದ. ಸಣ್ಣವನಿದ್ದಾಗ ಕಾಕಾ ಕಾಕಾ ಅಂತ ನನ್ನ ಟಂಟಂ ಬಿಟ್ಟು ಇಳಿಯದಿದ್ದ ಹುಡುಗ. ಈಗ ಅವನಿಗೂ ಮಕ್ಕಳಿವೆ.

"ಅನೌನ್ಸ್ ಮಾಡಬೇಕಿತ್ರಿ," ಅಂದ. ಹೊರಗಿನವರಿಗೆ ಹೇಳುವ ಹಾಗೆ.

ನಾನು ಅಂಗಿಯ ಕೊನೆಯ ಗುಂಡಿ ಹಾಕಿಕೊಂಡೆ.

"ಅಪ್ಪಾ ಹೇಳ್ಯಾನ್ರಿ. ನಂದ ಸುದ್ದಿ ಅವನ ಸಾರಬೇಕು, ಬ್ಯಾರೇದವರ ಧ್ವನಿ ಬ್ಯಾಡಂದಾನ."

"ನನಗ ಸಾರಂದಾನ?"

"ಹೂಂ ರೀ."

ಕೊನೆಗೆ ಕರೆದನಲ್ಲ ಅಂದುಕೊಂಡೆ. ಎಲ್ಲ ಮನೆಯವರಿಗೆ ಕೇಳುವ ಹಾಗೆ ಅವನಿಗೂ ಕೇಳಿದೆ: "ಹೇಳಪಾ, ಯಾರ್ಯಾರ ಹೆಸರು?"

ಅವನು ಹೇಳಿದ. ಮುತ್ಯಾನ ಹೆಸರು, ನಮ್ಮಪ್ಪನ ಹೆಸರು, ವೈನಿ, ಮಕ್ಕಳು, ಚಿಮ್ಮಡದ ಅಳಿಯ, ಲೋಕಾಪುರದ ಬೀಗರು. ಅಲ್ಲಿಗೆ ನಿಲ್ಲಿಸಿದ. ಮಣ್ಣು ಕೊಡುವುದು ಎಷ್ಟು ಗಂಟೆಗೆ ಅನ್ನುವುದನ್ನೂ ಹೇಳಿದ.

"ತಮ್ಮಂದಿರು?" ಅಂದೆ. ಇದು ನಾನು ಎಲ್ಲರಿಗೂ ಕೇಳುವ ಪ್ರಶ್ನೆ.

ಅವನು ಗೋಡೆಯ ಕಡೆ ನೋಡಿದ. "ಅಪ್ಪಾ ಹೇಳಿದ್ದು ಇಷ್ಟ ರೀ."

"ಆತು," ಅಂದೆ.

ಮೊದಲೆಲ್ಲ ಓಣಿಗೊಮ್ಮೆ ನಿಂತು ಬಾಯಿಂದಲೇ ಹೇಳುತ್ತಿದ್ದೆ. ಈಗ ಒಮ್ಮೆ ಮೊಬೈಲಿನಲ್ಲಿ ರೆಕಾರ್ಡ್ ಮಾಡಿ ಅದನ್ನೇ ಮೈಕಿಗೆ ಹಚ್ಚುತ್ತೇನೆ, ಗಂಟಲು ಉಳಿಯುತ್ತದೆ. ಟಂಟಂನೊಳಗೆ ಕೂತು ಮಾತಾಡಿದೆ. ಧ್ವನಿ ನಡುಗಲಿಲ್ಲ. ಅಣ್ಣನ ಹೆಸರು ಹೇಳುವಾಗಲೂ ನಡುಗಲಿಲ್ಲ. ಅದು ನನ್ನ ಕೆಲಸ.

ಪಾವರ್‌ಲೂಮ್ ಓಣಿಗಳಲ್ಲಿ ಮಗ್ಗದ ಸದ್ದಿಗೆ ಮೈಕು ಕೇಳುವುದಿಲ್ಲ. ನಾನು ತಿರುವಿನಲ್ಲಿ ಕಂಡರೆ ಸಾಕು, ನೇಕಾರರು ಒಬ್ಬೊಬ್ಬರಾಗಿ ಮೋಟಾರು ಬಂದ್ ಮಾಡುತ್ತಾರೆ. ಅವತ್ತೂ ಹಾಗೇ ಆಯಿತು. ಸದ್ದು ಕರಗಿದಂತೆ ನನ್ನ ಧ್ವನಿ ದೊಡ್ಡದಾಯಿತು. ದುಃಖದ ಸುದ್ದಿ, ದುಃಖದ ಸುದ್ದಿ. ಇಂಥವರ ಮೊಮ್ಮಗ, ಇಂಥವರ ಮಗ, ಇಂಥವರ ತಂದೆ. ಮಂದಿ ಬಾಗಿಲಿಗೆ ಬಂದು ನಿಂತು ಕಡೆಯವರೆಗೂ ಕೇಳಿದರು, ಆಮೇಲೆ ನನ್ನ ಮುಖ ನೋಡಿದರು.

ಚಹಾದಂಗಡಿಯವನು ನನ್ನ ಹಳೆಯ ದೋಸ್ತ, ಒಟ್ಟಿಗೇ ಸಾಲಿ ಬಿಟ್ಟವರು. ಕಪ್ಪು ಹಿಡಿದು ರಸ್ತೆಗೇ ಬಂದ.

"ಏನಲೇ ಇದು? ನಿನ್ನ ಬಾಯಾಗ ಊರ ಮಂದಿ ಎಲ್ಲಾ ಐತಿ, ನೀನ ಇಲ್ಲಲ್ಲೋ."

"ಮನಿಯವರು ಹೇಳಿದ್ದು ಅಷ್ಟ."

"ಮನಿಯವರು! ನೀ ಯಾವ ಮನ್ಯಾವ ಮಗನ? ಮಂಗಳ ಗ್ರಹದಾಂವೇನು?" ಅಂದ. ನಗಿಸಲು ಅಂದದ್ದು. ನಾನು ನಗಲಿಲ್ಲ, ಅವನೂ ನಗಲಿಲ್ಲ. ಚಹಾ ಕುಡಿದು ಗಾಡಿ ಚಾಲೂ ಮಾಡಿದೆ.

ಮುಂದಿನ ಓಣಿಯಲ್ಲಿ ಒಬ್ಬ ಮುದುಕಿ ಕಟ್ಟೆಯ ಮೇಲೆ ಕೂತು ಕಂಡಿಕೆ ಸುತ್ತುತ್ತಿದ್ದಳು. ನಮ್ಮವ್ವನ ಗೆಳತಿ, ನಮ್ಮಿಬ್ಬರನ್ನೂ ಎತ್ತಿ ಆಡಿಸಿದವಳು. ಕೈ ಅಡ್ಡ ಹಿಡಿದು ಗಾಡಿ ನಿಲ್ಲಿಸಿದಳು.

"ಯಪ್ಪಾ, ನಿನ್ನ ಅಣ್ಣಾ ಹೋದ್ನಲ್ಲೋ! ನೀ ಇಲ್ಲ್ಯಾಕ ತಿರಗತಿ? ಹೋಗಿ ತಲಿ ಕಡೆ ಕುಂದ್ರ ಹೋಗು."

"ಸಾರಾಕ ಹೇಳ್ಯಾರ ಆಯಿ."

"ಸಾರಾಕ ಊರಾಗ ಬ್ಯಾರೆ ಗಂಡಸರು ಸತ್ತಾರೇನು? ಅಂವ ನಿನಗ ಅಣ್ಣ ಹೌದೋ ಅಲ್ಲೋ?"

ನಾನು ಉತ್ತರ ಕೊಡುವ ಮೊದಲೇ ತಲೆಯ ಮೇಲಿನ ಮೈಕು ಮತ್ತೆ ಶುರುವಾಯಿತು. ಮುದುಕಿ ಕಿವಿಗೆ ಕೈ ಹಚ್ಚಿ ಪೂರಾ ಕೇಳಿದಳು. ಕೇಳಿ ಮುಗಿದ ಮೇಲೆ ಮತ್ತೆ ಕಂಡಿಕೆಗೆ ಕೈ ಹಾಕಿದಳು. ಅವಳು ಬೈದಿದ್ದರೆ ನನಗೆ ಹಗುರಾಗುತ್ತಿತ್ತು.

ಚಿಮ್ಮಡದ ದಾರಿಯಲ್ಲಿ ಕಬ್ಬಿನ ಹೊಲಗಳ ನಡುವೆ ಗಾಡಿ ನಿಲ್ಲಿಸಿ ಮೈಕು ಬಂದ್ ಮಾಡಿದೆ. ಅಣ್ಣ ಯಾಕೆ ಹೀಗೆ ಮಾಡಿದ? ನಾನು ಬೇಡ ಅಂದ ಹೆಸರನ್ನು ನನ್ನ ಗಂಟಲಿನಿಂದಲೇ ಊರಿಗೆ ಇಲ್ಲವಾಗಿಸಬೇಕಿತ್ತೇ? ಅಥವಾ ಹೋಗುವಾಗ ನನ್ನ ಧ್ವನಿಯಾದರೂ ಇರಲಿ ಅನ್ನಿಸಿತೇ, ಹೆಸರಿಗೆ ಮಾತ್ರ ಬಾಯಿ ಬರಲಿಲ್ಲವೇ? ಮೊಬೈಲು ಕೈಗೆ ತೆಗೆದುಕೊಂಡು ಮತ್ತೊಮ್ಮೆ ರೆಕಾರ್ಡ್ ಮಾಡಿದೆ. ಈ ಸಲ ಮಕ್ಕಳ ಹೆಸರಾದ ಮೇಲೆ ನನ್ನ ಹೆಸರು ಹೇಳಿ, "ಇವರ ಅಣ್ಣ" ಅಂತ ಸೇರಿಸಿದೆ. ಅಲ್ಲಿ ಮಾತ್ರ ಧ್ವನಿ ನಡುಗಿತು. ಅದನ್ನು ಮೈಕಿಗೆ ಹಚ್ಚಿದರೆ ಯಾಕೆ ಅಂತ ಕೇಳುವವರು ಯಾರೂ ಇರಲಿಲ್ಲ. ನನಗೆ ಮನಸ್ಸಾಗಲಿಲ್ಲ. ಹೆಸರು ಸೇರಿಸು ಅಂದ ಊರಿನ ಎಷ್ಟೋ ಮಂದಿಗೆ ಇಲ್ಲ ಅಂದವನು ನಾನು, ನನಗೇ ಹೌದು ಅಂದುಕೊಳ್ಳಲೇ? ಅಣ್ಣನ ತಮ್ಮ ನಾನು ಅಂತ ನನ್ನ ಬಾಯಿಂದ ನಾನೇ ಬೇಡಿಕೊಂಡು ತಿರುಗಲೇ? ಹಳೆಯದನ್ನೇ ಹಚ್ಚಿಕೊಂಡು ಚಿಮ್ಮಡಕ್ಕೆ ಹೋದೆ.

ಹೊತ್ತು ಇಳಿಯುವ ಹೊತ್ತಿಗೆ ನಮ್ಮ ಓಣಿಗೆ ಬಂದೆ. ಅಣ್ಣನನ್ನು ಗೋಡೆಗೆ ಆನಿಸಿ ಕೂರಿಸಿದ್ದರು, ಹಣೆತುಂಬ ವಿಭೂತಿ. ವೈನಿ ಪಕ್ಕದಲ್ಲಿ ಕೂತು ಹಾಡಿಕೊಂಡು ಅಳುತ್ತಿದ್ದಳು. ನಮ್ಮಲ್ಲಿ ಹೆಂಗಸರು ಹೀಗೆ ಅಳುವಾಗ, ಬಂದವರು ಯಾರು ಅಂತ ಸತ್ತವರಿಗೆ ಹೇಳುತ್ತಾರೆ.

"ಚಿಮ್ಮಡದ ಅಳಿಯಾ ಬಂದಾನ, ಎದ್ದ ಮಾತಾಡ್ಸೋ ನನ್ನಪ್ಪಾ... ಲೋಕಾಪುರದ ಬೀಗರ ಬಂದಾರ, ಕಾಲಿಗಿ ನೀರ ಕೊಡೋ..."

ನಾನು ಹೊಸ್ತಿಲು ದಾಟಿದೆ. ಎಷ್ಟೋ ವರ್ಷದ ಮೇಲೆ ದಾಟಿದ್ದು. ಮಂದಿಯ ಗುಜುಗುಜು ನಿಂತಿತು. ಅವಳು ಏನೆಂದು ಹೇಳುತ್ತಾಳೆ ಅಂತ ಎಲ್ಲರೂ ಕಾಯುತ್ತಿದ್ದರು, ನಾನೂ. ವೈನಿ ತಲೆಯೆತ್ತಿ ನನ್ನನ್ನು ನೋಡಿದಳು. ಹೇಳುವುದೋ ಬೇಡವೋ ಅನ್ನುವಂತೆ ಗಂಡನ ಮುಖವನ್ನೂ ನೋಡಿದಳು. ಆಮೇಲೆ ರಾಗ ತೆಗೆದಳು.

"ಊರಿಗೆಲ್ಲಾ ಹೇಳಿ ಬಂದಾನ, ನಿನ್ನ ಮುಂದ ಬಂದ ನಿಂತಾನ, ಕಣ್ಣ ತಗಿಯೋ ನನ್ನಪ್ಪಾ..."

ತಮ್ಮ ಅನ್ನಲಿಲ್ಲ. ನಾನು ಅಣ್ಣನ ಕಾಲು ಮುಟ್ಟಿ ಹೊರಗೆ ಬಂದು ಗಂಡಸರ ಜೊತೆ ನಿಂತೆ.

ಹೊತ್ತುಕೊಂಡು ಹೋದರು. ನಾನು ಹಿಂದೆ ನಡೆದೆ. ಕುಣಿಯೊಳಗೆ ಇಳಿಸಿ ಕೂರಿಸಿದ ಮೇಲೆ, ಮಂತ್ರ ಮುಗಿಸಿ ಅಯ್ಯನವರು ಮೇಲೆ ನೋಡಿದರು. ಅವರು ಜಮಖಂಡಿ ಕಡೆಯಿಂದ ಬಂದವರು, ನಮ್ಮ ಮನೆಯ ಕಥೆ ಅವರಿಗೆ ಗೊತ್ತಿರಲಿಲ್ಲ.

"ಒಡಹುಟ್ಟಿದವರು ಯಾರರ ಅದಾರೇನ್ರಿ? ಮಕ್ಕಳ ಜೋಡಿ ಬಂದ ಮೊದಲ ಮಣ್ಣ ಹಾಕ್ರಿ."

ಎಲ್ಲರ ಕಣ್ಣು ನನ್ನ ಮೇಲೆ. ಹಿರಿಯ ಮಗ ಕುಣಿಯ ಅಂಚಿನಲ್ಲಿ ತಲೆ ತಗ್ಗಿಸಿ ನಿಂತಿದ್ದ. ತಲೆಯೆತ್ತಲಿಲ್ಲ, ಆದರೆ ಒಂದು ಹೆಜ್ಜೆ ಪಕ್ಕಕ್ಕೆ ಸರಿದ. ಅವನಿಗೂ ಅವನ ತಮ್ಮನಿಗೂ ನಡುವೆ ಒಬ್ಬರು ನಿಲ್ಲುವಷ್ಟು ಜಾಗವಾಯಿತು.

ಅವನು ಕಾಕಾ ಅಂದಿದ್ದರೆ ಹೋಗುತ್ತಿದ್ದೆ. ಬಾ ಅಂದಿದ್ದರೂ ಸಾಕಿತ್ತು. ಕರೆದದ್ದು ಅಯ್ಯನವರು. ಸರಿದದ್ದು ನನಗಾಗಿಯೋ, ಕಾಲಡಿಯ ಮಣ್ಣು ಕುಸಿದಿದ್ದಕ್ಕೋ, ನನಗೆ ಇವತ್ತಿಗೂ ಗೊತ್ತಿಲ್ಲ. ನನ್ನ ಕಾಲು ಏಳಲಿಲ್ಲ. ಅಯ್ಯನವರು ಸ್ವಲ್ಪ ಕಾದು, "ಆತು, ಮಕ್ಕಳ ಹಾಕ್ರಿ," ಅಂದರು. ಮಕ್ಕಳು ಹಾಕಿದರು. ಆ ಜಾಗ ಕಡೆಯವರೆಗೂ ಹಾಗೇ ಇತ್ತು, ಯಾರೂ ಬಂದು ತುಂಬಲಿಲ್ಲ. ಬಳಗದವರದಾಯಿತು, ಬೀಗರದಾಯಿತು. ಊರ ಮಂದಿ ಹಾಕುವಾಗ ನಾನೂ ಬಗ್ಗಿ ಒಂದು ಹಿಡಿ ಹಾಕಿದೆ. ಕರಿಮಣ್ಣು, ಹಸಿ ಇತ್ತು. ಕೈಗೆ ಮೆತ್ತಿಕೊಂಡಿತು.

ಮನೆಗೆ ಬಂದಾಗ ಹೆಂಡತಿ ಬಾಗಿಲ ಹೊರಗೆ ನೀರಿನ ತಂಬಿಗೆ ಹಿಡಿದು ನಿಂತಿದ್ದಳು. ಕಾಲಿಗೆ ಸುರಿದಳು. ಕೈ ಚಾಚಿದಾಗ ಮಣ್ಣು ನೋಡಿದಳು.

"ಹಾಕಿದ್ರಿ?"

"ಹಾಕಿದೆ."

"ಹುಡುಗರ ಜೋಡಿ?"

"ಊರ ಮಂದಿ ಜೋಡಿ."

ಅವಳು ನೀರು ಹಾಕುತ್ತಾ ಹೋದಳು. ಕೈ ಸ್ವಚ್ಛವಾದ ಮೇಲೂ ಹಾಕಿದಳು. ಗೋಡೆಯಾಚೆ ವೈನಿ ಇನ್ನೂ ಹಾಡುತ್ತಿದ್ದಳು. ಬಂದವರೆಲ್ಲ ಹೊರಟಿದ್ದರು, ಹೇಳಲು ಹೊಸ ಹೆಸರು ಯಾವುದೂ ಉಳಿದಿರಲಿಲ್ಲ.